ಹಾಲಿಗೆ ತಾಯಿ, ಮಣ್ಣಿಗೆ ತೊತ್ತು

ನಮ್ಮೂರ ಸತ್ತವರಿಗೆ ಜಾಗ ಹಂಚುವ ಮಾನ್ಯರೇ,

ನನ್ನ ಅಮ್ಮ ಯಾಮಿನಾ ಇನ್ನೂ ಉಸಿರಾಡುತ್ತಿದ್ದಾಳೆ; ವೈದ್ಯರು ಕೈಚೆಲ್ಲಿದ್ದಾರೆ. ಸತ್ತ ಮೇಲೆ ಊರ ಖಬರಸ್ತಾನದಲ್ಲಿ ಮಗ ಶಾಜ್ಲಿಯ ಗೋರಿಯ ಪಕ್ಕದಲ್ಲೇ ತನ್ನನ್ನು ಮಲಗಿಸಬೇಕು ಎಂಬುದೊಂದೇ ಅವಳ ಆಸೆ. ನೀವು ಆಗದು ಎಂದಿರಿ. ಕಾರಣ, ಅವಳ ಹೆಸರಿನ ಬಾಲಕ್ಕೆ ಅಂಟಿರುವ 'ಅತೀಕ್', ಅಂದರೆ ಗುಲಾಮಗಿರಿಯಿಂದ ಬಿಡುಗಡೆಯಾದವರು. ಅಮ್ಮನ ಮುತ್ತಜ್ಜನನ್ನು ಈ ಜೆರ್ಬಾ ದ್ವೀಪದ ಯಾವನೋ ಧಣಿ ಬಿಡುಗಡೆ ಮಾಡಿದನಂತೆ. ಅದಕ್ಕೇ ನಮಗೆ ಊರಾಚೆ ಬೇರೆ ಖಬರಸ್ತಾನ. ಐದು ತಲೆಮಾರು ಕಳೆದರೂ ಮುಗಿಯದ ಇದೆಂಥ ಬಿಡುಗಡೆ, ಸ್ವಾಮಿ?

ಬಣ್ಣ ಎನ್ನುತ್ತೀರಾ? ನಿಮ್ಮ ಗುಮಾಸ್ತರು ನನಗಿಂತ ಕಪ್ಪು. ಆದರೂ ಅವರು ಹುಟ್ಟಾ ಸ್ವತಂತ್ರರು! ಶಾಜ್ಲಿ ಹುಟ್ಟುವಾಗ ಸುಲಿದ ಬಾದಾಮಿಯಂತಿದ್ದ. ಆಕ್ಟೋಪಸ್ ಹಿಡಿಯಲು ಬಿಸಿಲಲ್ಲಿ ಕಡಲಿಗೆ ಮಡಕೆ ಇಳಿಸಿ ಇಳಿಸಿ ಕಡೆಗೆ ನನ್ನಷ್ಟೇ ಕಪ್ಪಾದ. ಅವನನ್ನು ಎಲ್ಲಿ ಹೂಳಬೇಕೆಂದು ನಿಮಗೆ ಗೊಂದಲವೇ ಆಗಲಿಲ್ಲವಲ್ಲ!

ಅವನು ಹಾಜಿ ಮಖ್ಲೂಫರ ಮಗ. ಹೆತ್ತವಳು ಬಾಣಂತಿತನದಲ್ಲೇ ತೀರಿಕೊಂಡಾಗ ಅಮ್ಮ ಅವನಿಗೂ ನನಗೂ ಒಟ್ಟಿಗೆ ಎದೆಹಾಲು ಕುಡಿಸಿದಳು. ಚಿಕ್ಕವನಿದ್ದಾಗ ಒಂದು ಮದುವೆಮನೆಯಲ್ಲಿ, ಕುಸ್‌ಕುಸ್ ತಟ್ಟೆಯ ಮುಂದೆ ಎದ್ದು ನಿಂತು, ನನ್ನತ್ತ ಕೈ ತೋರಿಸಿ, "ನಾನು ದೂಜಾನ್ನೇ ಮದ್ವೆ ಆಗೋದು!" ಎಂದು ಸಾರಿಬಿಟ್ಟ. ಹಾಜಿಯವರು ಕಾಲಿನ ಕೆರ ಕೈಗೆತ್ತಿಕೊಂಡರು.

"ಲೋ ಕತ್ತೆ, ಒಂದೇ ಎದೆಹಾಲು ಕುಡ್ದಿದ್ದೀರ. ಅವ್ಳು ನಿನ್ ತಂಗಿ ಕಣೋ!"

"ಹೌದ್ಹೌದು, ತಂಗಿ, ತಂಗಿ" ಎಂದಿತು ಇಡೀ ಅಂಗಳ. ನಿಮ್ಮ ತಂದೆಯವರೂ ಅಲ್ಲಿದ್ದರು, ಎಲ್ಲರಿಗಿಂತ ಜೋರಾಗಿ ತಲೆಯಾಡಿಸಿದರು. ಹಾಲಿನ ನಂಟು ರಕ್ತದ ನಂಟೇ ಎಂದು ನಮ್ಮ ಧರ್ಮ ಹೇಳುತ್ತದೆ. ಮದುವೆ ತಡೆಯುವಾಗ ಯಾಮಿನಾ ತಾಯಿ; ಆರಡಿ ಮಣ್ಣು ಕೇಳಿದಾಗ ತೊತ್ತಿನ ವಂಶ. ಯಾವೂರ ನ್ಯಾಯ ಇದು?

ಕಳೆದ ಚಳಿಗಾಲದಲ್ಲಿ ಶಾಜ್ಲಿಯ ದೋಣಿ ಮುಳುಗಿತು. ಮಗನ ಗೋರಿಯ ಪಕ್ಕದ ಜಾಗವನ್ನು ಹಾಜಿಯವರೇ ಖಾಲಿ ಬಿಡಿಸಿದರು. ಕೋಲೂರಿಕೊಂಡು ನಿಮ್ಮ ಕಚೇರಿಗೂ ಬಂದು, "ಅದು ಅವನ ತಾಯಿ ಜಾಗ ಕಣಪ್ಪ" ಎಂದರು. ನೀವೋ, "ಹಾಜಿ, ನಿಮಗೆ ವಯಸ್ಸಾಯ್ತು, ಸುಮ್ನೆ ಮನೇಲಿರಿ" ಎಂದಿರಿ. ಪಕ್ಕದಲ್ಲಿದ್ದ ನನಗೆ ಮೈ ಉರಿದುಹೋಯಿತು.

ಊರ ಖಬರಸ್ತಾನದ ಗೇಟಿನ ಬೀಗ ತೆಗೆಸಿ. ಇಲ್ಲವೇ ಶುಕ್ರವಾರ ಮಸೀದಿಯ ಮೆಟ್ಟಿಲ ಮೇಲೆ ನಿಂತು, ಹಾಲಿನ ನಂಟು ಸುಳ್ಳು, ಅದರ ಹೆಸರಲ್ಲಿ ನಿಲ್ಲಿಸಿದ ಮದುವೆಗಳೆಲ್ಲ ತಪ್ಪು ಎಂದು ಹೇಳಿ. ಧೈರ್ಯವಿದೆಯೇ? ಅಮ್ಮ ಹೋದ ದಿನ ಜನಾಜಾಕ್ಕೆ ಮುಂದಿನ ಹೆಗಲು ಕೊಡುವವರು ಹಾಜಿಯವರ ಉಳಿದ ಗಂಡುಮಕ್ಕಳು. ಅವರು ಊರಾಚೆಯ ದಾರಿ ಹಿಡಿಯುವುದಿಲ್ಲ, ಈಗಲೇ ಹೇಳಿದ್ದೇನೆ.

ನಿನ್ನೆ ಅಮ್ಮ ಕಣ್ಣುಬಿಟ್ಟು, "ಗೇಟು ತೆಗುದ್ರೇನೇ?" ಅಂದಳು. "ತೆಗೀತಾರಮ್ಮ" ಅಂದೆ. ಸಾಯುವವಳ ಮುಂದೆ ನನ್ನನ್ನು ಸುಳ್ಳುಗಾರ್ತಿ ಮಾಡಬೇಡಿ.

ಇಂತಿ,
ಶಾಜ್ಲಿಯ ತಂಗಿ ದೂಜಾ,
ಐದು ತಲೆಮಾರಿನ ಹಿಂದೆಯೇ ಬಿಡುಗಡೆಯಾಗಿ, ಇನ್ನೂ ಗೇಟಿನ ಹೊರಗೆ ನಿಂತಿರುವವಳು