ದೇವೀರಮ್ಮನ ಪುಟ

ಜನವರಿ 18, ಭಾನುವಾರ

ಸಿಟ್ಟು ಇನ್ನೂ ಇಳಿದಿಲ್ಲ. ಅಕ್ಷರ ನೆಟ್ಟಗೆ ಬರುತ್ತಿಲ್ಲ.

ಇವತ್ತು ಪೊನ್ನಂಪೇಟೆಯಲ್ಲಿ ನಮ್ಮ ಪುಸ್ತಕದ ಕೊನೆಯ ಮೀಟಿಂಗ್. ಜಿಲ್ಲೆಯ ಹನ್ನೆರಡು ಹಿರಿಯರ ಕಿರುಪರಿಚಯ, ಶಾಲಾ ಮಕ್ಕಳಿಗಾಗಿ. ಹನ್ನೆರಡನ್ನೂ ಬರೆದವಳು ನಾನು. ಸಂಪಾದಕ ಗಜಾನನ ಸರ್ ದೇವೀರಮ್ಮನ ಪುಟವನ್ನೇ ಕಿತ್ತುಹಾಕಿದ್ದಾರೆ.

"ಹುಟ್ಟಿದ ತಾರೀಕಿಲ್ಲ, ಫೋಟೋ ಇಲ್ಲ. ಹಂಗೆಲ್ಲಾ ಹಾಕೋಕಾಗಲ್ಲ ಕಣಮ್ಮಾ," ಎಂದರು. ಆ ಜಾಗದಲ್ಲಿ ಈಗ ಹೋಂಸ್ಟೇ ಜಾಹೀರಾತು!

ದೇವೀರಮ್ಮ ನಲವತ್ತು ವರ್ಷ ಬಿಟ್ಟಂಗಾಲದ ಸುತ್ತಿನ ಎಸ್ಟೇಟುಗಳಲ್ಲಿ ಹೆರಿಗೆ ಮಾಡಿಸಿದ ಸೂಲಗಿತ್ತಿ. ಕೂಲಿಯವರ ಲೈನ್ ಮನೆಯ ಕೂಸಾಗಲಿ, ಮಾಲೀಕರ ಬಂಗಲೆಯ ಕೂಸಾಗಲಿ, ಹುಟ್ಟಿದ ದಿನ, ಗಳಿಗೆ ಎಲ್ಲವನ್ನೂ ಆಕೆ ಒಂದೇ ನೋಟ್‌ಬುಕ್ಕಿನಲ್ಲಿ ಬರೆದಿಡುತ್ತಿದ್ದಳು. ಮಕ್ಕಳನ್ನು ಶಾಲೆಗೆ ಸೇರಿಸಿಕೊಳ್ಳುವಾಗ ಮೇಷ್ಟರುಗಳು ಆಕೆಯನ್ನೇ ಕೇಳುತ್ತಿದ್ದರು.

"ಊರಿಗೆಲ್ಲಾ ತಾರೀಕು ಬರೆದಿಟ್ಟೋಳು ಸರ್. ಅವಳ ತಾರೀಕು ಬರೆಯೋಕೆ ಯಾರಿದ್ರು?" ಎಂದು ಕೂಗಿಯೇ ಕೇಳಿದೆ. ಅವರು ಕನ್ನಡಕ ಒರೆಸಿಕೊಂಡು ಮುಂದಿನ ಪುಟ ತಿರುವಿದರು.

ನಾಳೆ ಮತ್ತೆ ಜಗಳಕ್ಕೆ ಹೋಗಲು ಪುರಾವೆ ಬೇಕೆಂದು, ಮನೆಗೆ ಬಂದವಳೇ ಉಳಿದ ಹನ್ನೊಂದು ಮಂದಿಯ ಪುಟಗಳನ್ನು ತೆರೆದು ಕೂತೆ. ಅವರಲ್ಲಿ ಮೂವರ ಹುಟ್ಟಿದ ತಾರೀಕು ಬೇರೆಲ್ಲೂ ಸಿಗದೆ, ಆಕೆಯ ನೋಟ್‌ಬುಕ್ಕಿನಿಂದಲೇ ಇಳಿಸಿಕೊಂಡಿದ್ದೆ. ಮೂರೂ ಪುಟಗಳಲ್ಲಿ ತಂದೆಯ ಹೆಸರಿದೆ, ಮನೆತನವಿದೆ, ಎಸ್ಟೇಟಿನ ಹೆಸರೂ ಇದೆ. ಆ ಕೂಸನ್ನು ಮೊದಲು ಎತ್ತಿಕೊಂಡವಳು ಯಾರೆಂದು ಒಂದು ಸಾಲೂ ಇಲ್ಲ.

ಆ ಸಾಲನ್ನು ಗಜಾನನ ಸರ್ ಕಿತ್ತುಹಾಕಿದ್ದಲ್ಲ. ನಾನು ಬರೆದೇ ಇರಲಿಲ್ಲ.