ನಿನ್ನ ಪಾಳಿಯ ಕುರ್ಚಿ

ಗೆಳೆಯಾ ಅಮರೇಶ,

ನಿನಗೆ ಮಣ್ಣು ಕೊಟ್ಟು ಬಂದ ಮೇಲೆ ನಿನ್ನೊಡನೆ ಮಾತಾಡಲು ನನಗೆ ಮುಖವಿರಲಿಲ್ಲ. ಇವತ್ತು ಹೇಳುವ ಸುದ್ದಿಯೊಂದಿದೆ, ಅದಕ್ಕೇ ಧೈರ್ಯ ಮಾಡಿದ್ದೇನೆ.

ನಿನ್ನ ಊರು ದೇವದುರ್ಗದಲ್ಲಿ ಅಂದು ನಾನು ಗುಂಡಿಯ ಅಂಚಿನಲ್ಲೇ ನಿಂತಿದ್ದೆ. ನಾವಿಬ್ಬರೂ ರಾಯಚೂರಿನ ಕಚೇರಿಯಲ್ಲಿ ಒಂದೇ ದಿನ ಕೆಲಸಕ್ಕೆ ಸೇರಿದ ಗುಮಾಸ್ತರು. ವಯಸ್ಸಿನಲ್ಲಿ ನೀನು ದೊಡ್ಡವ, ಹಾಗಾಗಿ ಜ್ಯೇಷ್ಠತಾ ಪಟ್ಟಿಯಲ್ಲಿ ನಿನ್ನ ಕೆಳಗೆ ನಾನು. ಅಧೀಕ್ಷಕರ ಹುದ್ದೆ ಒಂದೇ ಖಾಲಿ ಇತ್ತು, ಬಡ್ತಿ ಸಮಿತಿ ಮುಂದಿನ ವಾರ ಕೂಡುವುದಿತ್ತು. "ಲೇ ಬಸ್ಯಾ, ಮೊದಲ ನಾ ಕುಂದರ್ತೀನಿ, ನಾ ಎದ್ದ ಮ್ಯಾಲ ನೀ ಕುಂದ್ರು" ಎಂದು ನಗುತ್ತಿದ್ದೆಯಲ್ಲ? ಅಂದು ಕಚೇರಿಯಿಂದ ಮಣ್ಣಿಗೆ ಬಂದಿದ್ದ ಒಬ್ಬರು ನನ್ನ ಕಿವಿಯ ಹತ್ತಿರ ಬಾಗಿ, "ಇನ್ನ ನಿನ್ನ ಪಾಳಿ ಬಂತು ನೋಡಪಾ" ಎಂದರು. ನಾನು ಬೈಯಬೇಕಿತ್ತು. ನಿನ್ನ ಮೇಲೆ ಹಾಕುವ ಮಣ್ಣನ್ನು ಕೈಯಲ್ಲಿ ಹಿಡಿದುಕೊಂಡು ನಾನು ಆ ಕುರ್ಚಿಯನ್ನು ನೆನೆದೆ. ಒಂದು ಗಳಿಗೆ ಮಾತ್ರ. ಆದರೂ ನೆನೆದೆ...

ಬಡ್ತಿ ನನಗೇ ಬಂತು. ನಾನು ಆ ಕುರ್ಚಿಯಲ್ಲಿ ಕುಳಿತು ವರ್ಷ ತುಂಬುವ ಮೊದಲೇ ನಿನ್ನ ಹೆಂಡತಿ ಅನುಕಂಪದ ನೌಕರಿಯ ಆದೇಶ ಹಿಡಿದು ರಾಯಚೂರಿಗೆ ಬಂದರು. ಮಹಾದೇವಿ ವೈನಿ ಓದಿದ್ದು ಹತ್ತನೇ ತರಗತಿ. ನಿಯಮದಲ್ಲಿ ಅದಕ್ಕೆ ಸಿಗುವುದು ಜವಾನರ ಹುದ್ದೆ. ಹಾಕಿದ್ದು ನನ್ನದೇ ವಿಭಾಗಕ್ಕೆ. ಅವರ ಕೈಯ ರೊಟ್ಟಿ ಎಷ್ಟು ತಿಂದವನು ನಾನು! ಮೊದಲ ದಿನ ಮೇಜಿನ ಮೇಲೆ ಲೋಟ ಇಟ್ಟು, "ಸಾಹೇಬ್ರ, ನೀರು" ಎಂದರು. ದಡಬಡಿಸಿ ಎದ್ದು ನಿಂತೆ.

"ವೈನಿ, ಹಂಗನಬ್ಯಾಡ್ರಿ."

"ಕುಂದರ್ರಿ, ಎಲ್ಲಾರೂ ನೋಡಾಕತ್ತಾರ," ಎಂದರು ಮೆಲ್ಲಗೆ.

ಅಂದಿನಿಂದ ಗಂಟೆ ಬಾರಿಸುವುದನ್ನೇ ಬಿಟ್ಟೆ. ನೀರು ನಾನೇ ತಂದುಕೊಂಡೆ. ಅವರ ಪಾಲಿನ ಕೆಲಸವನ್ನೆಲ್ಲ ಇನ್ನೊಬ್ಬ ಜವಾನ ಹುಸೇನಪ್ಪನಿಗೆ ಹೇಳಿದೆ. ಅದನ್ನು ಕರುಣೆ ಅಂದುಕೊಂಡಿದ್ದೆ. ನಿಜ ಹೇಳಲೇ? ಅವರು ನನ್ನ ಎದುರಿಗೆ ಬರಬಾರದು, ನನಗೆ ಬೇಕಾಗಿದ್ದದ್ದು ಅಷ್ಟೇ. ಹುಸೇನಪ್ಪ ಗೊಣಗತೊಡಗಿದ. ಉಳಿದವರು ಮುಸಿಮುಸಿ ನಕ್ಕರು. ಗಂಡ ಇಲ್ಲದ ಹೆಣ್ಣುಮಗಳ ಬಗ್ಗೆ ಜನ ಏನೇನು ಅನ್ನುತ್ತಾರೆಂದು ನಿನಗೆ...

ಒಂದು ಮಧ್ಯಾಹ್ನ ವೈನಿ ಬಂದು ಬಾಗಿಲಲ್ಲೇ ನಿಂತರು. ಕಣ್ಣು ಕೆಂಪಾಗಿದ್ದವು.

"ಬಸಣ್ಣ, ನನಗ ಕೆಲಸ ಕೊಡ್ರಿ."

"ನಿಮಗ ಹೆಂಗ ಹೇಳಲಿ, ವೈನಿ..."

"ಹುಸೇನಪ್ಪಗ ಹೇಳ್ದಂಗ ಹೇಳ್ರಿ. ಪುಕ್ಕಟ ಪಗಾರ ತಗೊಳ್ಳಾಕ ಬಂದಾಳ ಅನ್ನಾಕತ್ತಾರ. ಇನ್ನೂ ಏನೇನೋ ಅನ್ನಾಕತ್ತಾರ. ಅವ್ರು ಸತ್ತದ್ದಕ್ಕ ನೌಕರಿ ಬಂತು ಅನ್ನೂದೇ ನನಗ ಭಾರ ಆಗೇದ. ಅದರ ಮ್ಯಾಲ ನಿಮ್ಮ ನಾಚಿಕಿನೂ ನಾನೇ ಹೊರಬೇಕೇನ್ರಿ?"

ಮರುದಿನ ಗಂಟೆ ಬಾರಿಸಿದೆ. ವೈನಿ ಬಂದರು. ಕಡತ ಕೊಟ್ಟು ಎಲ್ಲಿಗೆ ಒಯ್ಯಬೇಕೆಂದು ಹೇಳಿದೆ. ಒಯ್ದರು.

ಅವರು ಪಿಯುಸಿ ಪರೀಕ್ಷೆ ಕಟ್ಟಿದ್ದು ನನಗೆ ಗೊತ್ತಾದದ್ದೇ ರಜೆ ಕೇಳಿದಾಗ. ನಿನ್ನ ಮಗಳು ಕೂಡಿಸಿಕೊಂಡು ಓದಿಸಿದಳಂತೆ. ಇಂಗ್ಲಿಷಿನಲ್ಲಿ ಒಮ್ಮೆ ನಪಾಸಾದರು, ಮತ್ತೆ ಕಟ್ಟಿದರು. ನನ್ನ ಹತ್ತಿರ ಒಂದು ಮಾತೂ ಕೇಳಲಿಲ್ಲ. ಆ ಓದು ಇದ್ದು ಇಂತಿಷ್ಟು ವರ್ಷ ಸೇವೆ ಆಗಿದ್ದರೆ ಜವಾನರಿಗೂ ಗುಮಾಸ್ತರ ಬಡ್ತಿ ಉಂಟಲ್ಲ? ಕಳೆದ ತಿಂಗಳು ಆದೇಶ ಬಂತು, ಅಮರೇಶ. ಮಹಾದೇವಿ ವೈನಿ ಈಗ ಮಾನ್ವಿಯಲ್ಲಿ ದ್ವಿತೀಯ ದರ್ಜೆ ಸಹಾಯಕಿ.

ಹೋಗುವ ದಿನ ಅವರನ್ನು ಬಸ್‌ಸ್ಟ್ಯಾಂಡಿಗೆ ಬಿಡಲು ಹೋದವನು, ಮಣ್ಣು ಹಿಡಿದುಕೊಂಡು ಏನು ನೆನೆದಿದ್ದೆ ಅನ್ನುವುದನ್ನು ಹೇಳಿಬಿಟ್ಟೆ.

"ನಿಮ್ಮನ್ನ ಆ ಕುರ್ಚ್ಯಾಗ ನೋಡಿ ನಾನೂ ಹೊಟ್ಟಿ ಉರಕೊಂಡೀನ್ರಿ," ಎಂದರು ವೈನಿ. "ಬಸ್ ಬಂತು, ಆ ಚೀಲ ಕೊಡ್ರಿ."

ನಿನ್ನೆ ಮಾನ್ವಿಯಿಂದ ಫೋನು ಬಂತು. ಅಲ್ಲಿಗೆ ಹತ್ತಿರದ ಕುರ್ಡಿಯ ಒಬ್ಬ ಹೆಣ್ಣುಮಗಳ ಗಂಡ ತೀರಿಕೊಂಡು, ಅವಳ ಅನುಕಂಪದ ಕಡತ ನನ್ನ ಮೇಜಿನ ಮೇಲೆ ಉಳಿದುಹೋಗಿತ್ತು.

"ಆಕಿ ದಿನಾ ಬಂದು ಇಲ್ಲಿ ನಿಂದ್ರಾಕತ್ತಾಳ," ಎಂದರು ವೈನಿ. ಧ್ವನಿ ಗಡುಸಾಗಿತ್ತು. "ಯಾಕ ಇಟಗೊಂಡು ಕುಂತೀರಿ? ಇವತ್ತ ಕಳಸ್ರಿ."

ಊಟಕ್ಕೆ ಏಳುವ ಮೊದಲೇ ಸಹಿ ಮಾಡಿ ಕಳಿಸಿದೆ.

ನಿನ್ನ
ಬಸವರಾಜ