ನೀರಿನ ಹೊತ್ತಿಗೆ ಹಾಕಿದ ಬಾಗಿಲು

ಗ್ರಾಂಟ್ ರೋಡ್, ಮುಂಬಯಿ
ಶನಿವಾರ, 9 ಮಾರ್ಚ್ 1957

ಅಪ್ಪನವರಿಗೆ ಸೇವಂತಿಯ ನಮಸ್ಕಾರಗಳು.

ನಿಮ್ಮ ಕಾಗದ ನಿನ್ನೆ ಬಂತು. ಇದೇ ಹತ್ತೊಂಬತ್ತಕ್ಕೆ ಕೋರ್ಟಿನಲ್ಲಿ ನನ್ನ ಹೇಳಿಕೆ ಇದೆ. ವಕೀಲರು ಕಲಿಸಿದ ಹಾಗೆ ‘ನಿದ್ದೆ ಹತ್ತಿತ್ತು’ ಎಂದಷ್ಟೇ ಹೇಳು, ಮನೆತನದ ಮರ್ಯಾದೆ ಉಳಿಯಲಿ ಎಂದು ಬರೆದಿದ್ದೀರಿ. ನಾನು ಹಾಗೆ ಹೇಳುವುದಿಲ್ಲ.

ನಿಮ್ಮ ಅಳಿಯ ದೀಪಾವಳಿಗೆ ಮುಂಚೆ ಅಂಧೇರಿಗೆ, ಅವರ ಅಣ್ಣ ಸಿದ್ದರಾಮಪ್ಪನವರ ಮನೆಗೆ ಹೋದರು. ಎರಡು ದಿನ ಇದ್ದು ಬರುತ್ತೇನೆ ಎಂದಿದ್ದರು. ಆಮೇಲೆ ಮನೆಯೊಳಗೆ ಕಾಲಿಡಲಿಲ್ಲ, ಬಂದದ್ದು ಕೋರ್ಟಿನ ಸಮನ್ಸು. ಹೆಂಡತಿ ಸಂಸಾರ ಬಿಟ್ಟಿದ್ದಾಳೆ, ಅಂಧೇರಿಗೆ ಬಂದು ತನ್ನೊಡನೆ ಬಾಳುವಂತೆ ಆಜ್ಞೆಯಾಗಬೇಕು ಎಂದು ಅವರ ಅರ್ಜಿ. ಮದುವೆಯಾಗಿ ಬಂದ ದಿನದಿಂದ ನಾನು ಇದೇ ಖೋಲಿಯಲ್ಲಿದ್ದೇನೆ. ಬಿಟ್ಟುಹೋದವರು ಅವರು, ಬಿಟ್ಟವಳೆಂಬ ಹೆಸರು ನನಗೆ.

ಖೋಲಿಯ ಬಾಡಿಗೆ ಚೀಟಿ ಅವರ ಹೆಸರಿನಲ್ಲಿದೆ. ಕೆಳಗಿನ ಹೋಟೆಲಿನವರಿಗೆ ಕೆಲಸಗಾರರನ್ನು ಮಲಗಿಸಲು ಜಾಗ ಬೇಕಾಗಿದೆ, ಬಿಟ್ಟುಕೊಟ್ಟವರಿಗೆ ಪಗಡಿಯೆಂದು ಒಳ್ಳೆಯ ಹಣ ಕೊಡುತ್ತಾರೆ. ಅದಕ್ಕೆ ನಾನು ಇಲ್ಲಿಂದ ಏಳಬೇಕು. ಎದ್ದರೆ ನನ್ನ ಶಾಲೆಯ ನೌಕರಿಯೂ ಹೋದ ಹಾಗೆಯೇ. “ನಮ್ಮ ಮನಿ ಸೊಸೆಂದಿರು ನೌಕರಿಗೆ ಹೋಗಂಗಿಲ್ಲ” ಎಂದು ಸಿದ್ದರಾಮಪ್ಪನವರು ಮೊದಲೇ ಹೇಳಿಬಿಟ್ಟಿದ್ದಾರೆ.

ಅರ್ಜಿ ನಿಂತಿರುವುದು ಸಮನ್ಸಿಗೆ ಮುಂಚಿನ ಒಂದೇ ಒಂದು ಮಧ್ಯಾಹ್ನದ ಮೇಲೆ. ‘ಇಬ್ಬರು ಗೃಹಸ್ಥರ ಸಮೇತ ಕರೆದೊಯ್ಯಲು ಬಂದೆ. ಹೆಂಡತಿ ಒಳಗಿನಿಂದ ಚಿಲಕ ಹಾಕಿಕೊಂಡಿದ್ದಳು. ಎಷ್ಟು ಕೂಗಿದರೂ ಓಗೊಡಲಿಲ್ಲ.’ ಆ ಇಬ್ಬರು ಸುಳ್ಳು ಹೇಳುತ್ತಿಲ್ಲ, ಅಪ್ಪಾ. ಚಿಲಕ ಹಾಕಿತ್ತು. ನಾನು ಓಗೊಡಲಿಲ್ಲ.

ನಮ್ಮ ಚಾಳ್ ನೀವು ನೋಡಿದ್ದೀರಿ. ಹಗಲೆಲ್ಲ ಗ್ಯಾಲರಿಯ ಸಾಲು ಖೋಲಿಗಳ ಬಾಗಿಲುಗಳು ತೆರೆದೇ ಇರುತ್ತವೆ. ಹಾಕಿಕೊಂಡರೆ ನೆರೆಯವರಿಗೆ ಸಿಟ್ಟು. ನೀವು ನೋಡದ ಒಂದು ಹೊತ್ತಿದೆ. ಮಧ್ಯಾಹ್ನ ಗಂಡಸರೆಲ್ಲ ಕೆಲಸಕ್ಕೆ ಹೋಗಿರುವಾಗ ಗ್ಯಾಲರಿಯ ಕೊನೆಯ ನಲ್ಲಿಗೆ ನೀರು ಬರುತ್ತದೆ. ಹೆಂಗಸರು ಕೊಡ ತುಂಬಿಕೊಂಡು, ಖೋಲಿಯ ಮೂಲೆಯ ಮೋರಿಯಲ್ಲಿ ಜಳಕ ಮಾಡುತ್ತೇವೆ. ಮೋರಿಗೆ ಮೊಣಕಾಲೆತ್ತರದ ಕಟ್ಟೆ ಬಿಟ್ಟರೆ ಮರೆಯಿಲ್ಲ. ಆಗ ಮಾತ್ರ ಚಿಲಕ. ಪಕ್ಕದ ಖೋಲಿಯ ನೀಲಾವತಿ, ಉಡುಪಿಯವಳು, ಸಮನ್ಸಿನ ಸಂಗತಿ ಕೇಳಿ ಕೊಡ ಕೆಳಗಿಟ್ಟು ನಿಂತಳು. “ನೀರಿನ ಹೊತ್ತಿಗೆ ಬಾಗಿಲು ಹಾಕಿದ್ರೆ ಒಳಗೆ ಸ್ನಾನ ಅಂತ ಇಲ್ಲಿಯ ಬೆಕ್ಕಿಗೂ ಗೊತ್ತುಂಟು ಮಾರಾಯ್ತಿ. ನಿನ್ನ ಗಂಡನಿಗೆ ಗೊತ್ತಿಲ್ವಾ?”

ಗೊತ್ತಿತ್ತು. ನನಗಿಂತ ಮುಂಚಿನಿಂದ ಈ ಖೋಲಿಯಲ್ಲಿದ್ದವರು ಅವರು. ಅಂದು ಅಂಗಡಿಯ ಕೆಲಸಕ್ಕೆ ರಜೆ ಹಾಕಿ, ಆ ಹೊತ್ತಿಗೇ ಸರಿಯಾಗಿ ಬಂದರು.

ಬೆಳಗಿನ ಶಾಲೆ ಮುಗಿಸಿ ಬಂದು ನಾನು ತಲೆಗೆ ನೀರು ಹಾಕಿಕೊಂಡಿದ್ದೆ. “ಸೇವಂತಿ, ಬಾಗಿಲಾ ತೆಗಿ. ಕರಕೊಂಡು ಹೋಗಾಕ ಬಂದೀನಿ” ಎಂದು ಕೂಗಿದರು. ನನ್ನೊಡನೆ ಅವರು ಎಂದೂ ಆ ದನಿಯಲ್ಲಿ ಮಾತಾಡಿದವರಲ್ಲ. ಜೊತೆಯಲ್ಲಿದ್ದವರಿಗೆ ಕೇಳಲೆಂದು ಏರಿಸಿದ ದನಿ ಅದು. ಹಿಂದೆಯೇ ಬೇರೆ ಯಾರೋ ಗಂಡಸು ಕೆಮ್ಮಿದ. ಒದ್ದೆ ಮೈಗೆ ಸೀರೆ ಸುತ್ತಿಕೊಂಡು ಚಿಲಕ ತೆಗೆಯುವಷ್ಟರಲ್ಲಿ ಗ್ಯಾಲರಿಯಲ್ಲಿ ಯಾರೂ ಇರಲಿಲ್ಲ. ಮೆಟ್ಟಿಲಿಳಿಯುತ್ತಿದ್ದವರನ್ನು ನೀಲಾವತಿ ಕಂಡಿದ್ದಳು. “ಮೂವರೂ ಇಸ್ತ್ರಿ ಅಂಗಿ ಹಾಕಿ, ಹೆಣ್ಣು ನೋಡ್ಲಿಕ್ಕೆ ಬಂದವರ ಹಾಗೆ!” ಎಂದು ನಕ್ಕಳು. ನನಗೆ ನಗು ಬರಲಿಲ್ಲ.

ಯಾಕೆ ಓಗೊಡಲಿಲ್ಲ ಎಂದು ನೀವು ಕೇಳುವ ಹಾಗಿಲ್ಲ. ಅದನ್ನು ಕಲಿಸಿದವರು ನೀವು. ಧಾರವಾಡದ ಮನೆಯಲ್ಲಿ ಅವ್ವ ಒಮ್ಮೆ ಬಚ್ಚಲಿನಿಂದ “ಬಂದೆ, ಕೂಡ್ರಿ” ಎಂದು ಹೊರಗೆ ಬಂದು ಕರೆದ ಪರಗಂಡಸರಿಗೆ ಹೇಳಿದ್ದಕ್ಕೆ, ಎಷ್ಟೋ ದಿನ ನೀವು ಅವಳೊಡನೆ ಮಾತು ಬಿಟ್ಟಿದ್ದಿರಿ. ಆಗ ನಾನು ಚಿಕ್ಕವಳು. ಪಾಠ ಮಾತ್ರ ಪೂರ್ತಿ ಕಲಿತೆ. ಆ ಕಥೆಯನ್ನು ಮದುವೆಯಾದ ಹೊಸದರಲ್ಲಿ ನಾನೇ ನಿಮ್ಮ ಅಳಿಯನಿಗೆ ಹೇಳಿದ್ದೆ. ಈಗ ನನ್ನ ನಾಚಿಕೆಯನ್ನೇ ಅವರು ನನ್ನ ವಿರುದ್ಧ ಸಾಕ್ಷಿಗೆ ನಿಲ್ಲಿಸಿದ್ದಾರೆ.

ನಮ್ಮ ವಕೀಲರು ಒಳ್ಳೆಯವರು. “ತಂಗಿ, ನಿದ್ದಿ ಹತ್ತಿತ್ತು ಅನ್ನು. ಮೋರಿ, ಜಳಕ ಇವೆಲ್ಲಾ ನಾಕು ಗಂಡಸರ ಮುಂದ ಆಡೋ ಮಾತಲ್ಲ” ಎಂದರು. ನಿದ್ದೆ ಎಂದರೆ ಏನಾಗುತ್ತದೆ? ಪಾಪ, ಗಂಡ ಕರೆಯಲು ಬಂದಿದ್ದ, ಹೆಂಡತಿ ಹಗಲು ಹೊತ್ತು ಮಲಗಿದ್ದಳು ಎಂದಾಗುತ್ತದೆ. ಅವರು ಬೇಕೆಂದೇ ಆರಿಸಿಕೊಂಡ ಹೊತ್ತು ಮುಚ್ಚಿಹೋಗುತ್ತದೆ. ನಿಮ್ಮ ಮರ್ಯಾದೆ ಉಳಿಯುತ್ತದೆ, ಅಂಧೇರಿಯವರದೂ ಉಳಿಯುತ್ತದೆ. ನನ್ನ ಖೋಲಿ ಹೋಗುತ್ತದೆ.

ಮೇಲೆ ‘ಜಳಕ’ ಎಂದು ಬರೆಯುವಾಗ ಕೈ ನಿಂತಿತ್ತು. ಅಪ್ಪನಿಗೆ ಇಂಥದ್ದನ್ನು ಎಂದೂ ಬರೆದವಳಲ್ಲ. ಈಗ ಬರೆದಾಯಿತು. ನಿಮಗೆ ಬರೆದವಳಿಗೆ ಜಡ್ಜರ ಮುಂದೆ ಹೇಳುವುದು ಕಷ್ಟವಲ್ಲ.

ಹತ್ತೊಂಬತ್ತಕ್ಕೆ ಕಟಕಟೆಯಲ್ಲಿ ನಿಂತು ಹೇಳುತ್ತೇನೆ: ನಾನು ಜಳಕ ಮಾಡುತ್ತಿದ್ದೆ, ಅದು ನನ್ನ ಗಂಡನಿಗೆ ಗೊತ್ತಿತ್ತು, ನಾನು ಮನೆ ಬಿಟ್ಟಿಲ್ಲ, ಬಾಳುವ ಮನಸ್ಸಿದ್ದರೆ ಅವರೇ ಇಲ್ಲಿಗೆ ಬರಲಿ. ವಕೀಲರು ತಡೆದರೂ ಹೇಳುತ್ತೇನೆ. ಸೋಲಬಹುದು. ಸೋತರೂ ಅಂಧೇರಿಗೆ ಹೋಗುವುದಿಲ್ಲ.

ಈ ಕಾಗದವನ್ನು ಅವ್ವನಿಗೆ ನೀವೇ ಓದಿ ಹೇಳಿ. ಒಂದು ಸಾಲನ್ನೂ ಬಿಡಬೇಡಿ. ನೀವು ಬರುವುದಾಗಿ ಬರೆದಿದ್ದೀರಿ. ಕೋರ್ಟಿನ ಹೊರಗೆ ಬೆಂಚಿನ ಮೇಲೆ ಕೂಡುವುದಾದರೆ ಬರಬೇಡಿ. ಬಂದರೆ ಒಳಗೆ ಬನ್ನಿ, ನನ್ನ ಮಾತು ಕೇಳಿಸುವಷ್ಟು ಹತ್ತಿರ ಕುಳಿತುಕೊಳ್ಳಿ, ತಲೆ ತಗ್ಗಿಸಬೇಡಿ. ಆಶೀರ್ವಾದ ಮಾಡುವ ಮನಸ್ಸಾದರೆ ಅಲ್ಲಿಯೇ, ನಾಲ್ಕು ಜನರ ಮುಂದೆ ಮಾಡಿ.

ನಿಮ್ಮ ಮಗಳು
ಸೇವಂತಿ